ಸಂಕೇತ ಬಿಡಿಸುವ ಆ್ಯಪ್: ಮಜಾ ಇದೆ, ಸುಳಿವು ಮಾತ್ರ ಸರಿಯಿಲ್ಲ

ಮೂರು ವಾರದಿಂದ ಈ ಒಗಟಿನ ಆ್ಯಪ್ ಬಳಸುತ್ತಿದ್ದೇನೆ. ಕಲಸಿಟ್ಟ ಇಂಗ್ಲಿಷ್ ಸಾಲು ಕೊಡುತ್ತದೆ, ನಾವು ಬಿಡಿಸಬೇಕು.

ಮೊದಲ ಹಂತಗಳು ಸುಲಭ. ಸೀಸರ್ ಸೈಫರ್ ಅಂದ್ರೆ ಪ್ರತಿ ಅಕ್ಷರವನ್ನೂ ವರ್ಣಮಾಲೆಯಲ್ಲಿ ಒಂದೇ ಲೆಕ್ಕದಷ್ಟು ಮನೆ ಮುಂದೆ ಸರಿಸುವುದು. 25 ಸಲ ಸರಿಸಿ ನೋಡಿದರೆ ಮುಗಿಯಿತು. ಹನ್ನೆರಡನೇ ಹಂತದಲ್ಲಿ ಮಾತ್ರ ಎರಡು ರಾತ್ರಿ ಒದ್ದಾಡಿದೆ. ಸರಿಸಿದೆ, ಅಟ್‌ಬಾಷ್ ಎಂದು ವರ್ಣಮಾಲೆಯನ್ನೇ ಹಿಂದುಮುಂದು ಮಾಡಿ ('ಎ' ಬದಲು 'ಝಡ್', ಹೀಗೆ) ನೋಡಿದೆ. ಏನೂ ಇಲ್ಲ. ಕೊನೆಗೆ ಸುಮ್ನೆ ಅಕ್ಷರ ಎಣಿಸಿದೆ. 'ಇ', 'ಟಿ' ಜಾಸ್ತಿ, 'ಕ್ಯೂ', 'ಝಡ್' ಇಲ್ಲವೇ ಇಲ್ಲ. ಮಾಮೂಲಿ ಇಂಗ್ಲಿಷ್ ಇರುವುದೇ ಹಾಗೆ ಅಲ್ವಾ? ಅಂದ್ರೆ ಅಕ್ಷರ ಬದಲಾಗಿಲ್ಲ, ಜಾಗ ಬದಲಾಗಿದೆ. ಅನಗ್ರಾಮ್! ನಮ್ಮ 'ಸರ', 'ರಸ' ಇದ್ದ ಹಾಗೆ. (ಸಾಲು ತೀರಾ ಚಿಕ್ಕದಿದ್ದರೆ ಈ ಎಣಿಕೆ ಕೈಕೊಡುತ್ತದೆ.) ಕಾಗದದ ಚೂರುಗಳಲ್ಲಿ ಅಕ್ಷರ ಬರೆದು ಜೋಡಿಸಿದೆ, ಬಂತು.

ಬೇಜಾರು ಎಲ್ಲಿ ಅಂದ್ರೆ, ಒಂದು ಕಡೆ 'ಸೈಲೆಂಟ್' ಎಂದು ಬರೆದೆ. ತಪ್ಪು ಅಂತು. ಅದಕ್ಕೆ ಬೇಕಿದ್ದದ್ದು 'ಲಿಸನ್'. ಎರಡರಲ್ಲೂ ಅವೇ ಆರು ಅಕ್ಷರ! ಸುಳಿವು ಒತ್ತಿದರೆ ಇಡೀ ಉತ್ತರವೇ ಉದುರುತ್ತದೆ, ಅದೂ ಕಿರಿಕಿರಿ.

ಐದಕ್ಕೆ ಮೂರೂವರೆ ಕೊಡುತ್ತೇನೆ. ಪೆನ್ಸಿಲ್ ಪಕ್ಕದಲ್ಲಿಟ್ಟುಕೊಳ್ಳಿ.