ಟಿಪ್ಪರ್ ಸೀಜ್ ಆಗಿದೆ, ದಂಡ ಕಟ್ಟಿ ಬಿಡಿಸ್ಲಾ ಕೋರ್ಟಿಗೆ ಹೋಗ್ಲಾ?

ತೀರ್ಥಹಳ್ಳಿ ಕಡೆ ಗದ್ದೆಗೆ ಮಣ್ಣು ತುಂಬಿಸ್ತಿದ್ದ ಗಾಡಿ ಹಿಡಿದ್ರು ಅಂತ ಕೇಳಿದ್ರಲ್ಲ, ಎರಡು ದಾರಿ ಇದೆ.

ಒಂದು ಗಣಿ ಇಲಾಖೆಗೆ ದಂಡ ಕಟ್ಟಿ ರಾಜಿ ಮಾಡ್ಕೊಳ್ಳೋದು, 1957ರ ಗಣಿ ಕಾಯ್ದೆಯ ಸೆಕ್ಷನ್ 23ಎ ಪ್ರಕಾರ. ಮಣ್ಣು ಸಾಗಿಸೋ ಪರ್ಮಿಟ್ ಇರ್ಲಿಲ್ಲ ಅಂತ ನಿಮಗೇ ಗೊತ್ತಿದ್ರೆ ಇದೇ ವಾಸಿ, ದುಡ್ಡು ವಾಪಸ್ ಬರಲ್ಲ ಆದ್ರೆ ಆ ಕಾಯ್ದೆ ಕೇಸು ಅಲ್ಲಿಗೆ ಮುಗಿಯುತ್ತೆ. ಕಳ್ಳತನದ ಸೆಕ್ಷನ್ನೂ ಹಾಕಿದ್ರೆ ಮಾತ್ರ ಅದು ಬೇರೆ ನಡೀತಾನೇ ಇರುತ್ತೆ, ಅದನ್ನ ಎಫ್‌ಐಆರ್‌ನಲ್ಲಿ ಮೊದಲು ನೋಡಿ.

ಪರ್ಮಿಟ್ ಇದ್ದೂ ಹಿಡಿದಿದ್ರೆ ಕೋರ್ಟೇ ಸರಿ. ಬಿಎನ್‌ಎಸ್‌ಎಸ್ (ಹಳೇ ಸಿಆರ್‌ಪಿಸಿ ಬದಲಿಗೆ ಬಂದ ಕಾನೂನು) ಸೆಕ್ಷನ್ 497 ಇಲ್ಲಾ 503ರಲ್ಲಿ ಗಾಡಿ ಬಿಡಿಸೋಕೆ ಅರ್ಜಿ ಹಾಕ್ಬೇಕು, ಆರ್‌ಸಿ, ಇನ್ಶೂರೆನ್ಸ್, ಬಾಂಡು, ಜಾಮೀನುದಾರ ಬೇಕು, ವಕೀಲರ ಫೀಸು ಬೇರೆ. ಗಾಡಿ ಬಂದ್ರೂ ಕೇಸು ಮುಗಿಯೋವರೆಗೆ ಮಾರಂಗಿಲ್ಲ ಅಂತ ಸಾಮಾನ್ಯವಾಗಿ ಷರತ್ತು ಹಾಕ್ತಾರೆ, ಸೋತ್ರೆ ಜಪ್ತಿನೂ ಆಗ್ಬಹುದು.

ಯಾವುದಾದ್ರೂ ಮಳೆಗಾಲಕ್ಕೆ ಮುಂಚೆ ಮಾಡಿ ಮಾರಾಯ್ರೆ, ನಮ್ಮೂರ ಮಳೇಲಿ ಸ್ಟೇಷನ್ ಹಿಂದೆ ನಿಂತ ಗಾಡಿ ಟ್ರಾಲಿಲಿ ಕೆಸುವಿನ ಗಿಡ ಎದ್ದಿದ್ದು ನಾನೇ ನೋಡಿದೀನಿ. ಗಾಡಿ ಹಾಗೆ ಕೊಳೆಸ್ಬೇಡಿ ಅಂತ 2002ರಲ್ಲೇ ಸುಪ್ರೀಂ ಕೋರ್ಟ್ ಸುಂದರ್‌ಭಾಯಿ ಕೇಸಲ್ಲಿ ಹೇಳಿದೆ, ಅರ್ಜಿಲಿ ಅದನ್ನ ಹಾಕ್ಸಿ. ಮಣ್ಣು ತೆಗೆದಿದ್ದು ಅರಣ್ಯ ಜಾಗ ಆಗಿದ್ರೆ ಲೆಕ್ಕಾನೇ ಬೇರೆ, ಅರಣ್ಯ ಇಲಾಖೆಯವ್ರೇ ಜಪ್ತಿ ಮಾಡ್ಬಹುದು.