ವರ್ಡ್‌ಪ್ರೆಸ್‌ನ ಫೈಲ್ ಬ್ಲಾಕ್: ಪಿಡಿಎಫ್ ಹೊಸ ಟ್ಯಾಬ್‌ನಲ್ಲಿ ತೆರೆಸಲು ಇಷ್ಟು ಸಾಕೇ?

ಸಹಕಾರ ಸಂಘದ ವಾರ್ಷಿಕ ವರದಿ, ಶಾಲೆಯ ಸುತ್ತೋಲೆ, ಕನ್ನಡ ಕೂಟದ ಸಂಚಿಕೆ ಮುಂತಾದವನ್ನು ಜಾಲತಾಣಕ್ಕೆ ಏರಿಸುವವರು ಕೇಳುವುದು ಹೆಚ್ಚಾಗಿ ಒಂದನ್ನೇ: ಕೊಂಡಿ ಒತ್ತಿದರೆ ಪಿಡಿಎಫ್ ಬೇರೆ ಟ್ಯಾಬ್‌ನಲ್ಲಿ ತೆರೆಯಬೇಕು, ಓದುತ್ತಿದ್ದ ಪುಟ ಇದ್ದಲ್ಲೇ ಇರಬೇಕು. ಜಾಲತಾಣ ಕಟ್ಟುವ ತಂತ್ರಾಂಶವಾದ ವರ್ಡ್‌ಪ್ರೆಸ್ ಜೊತೆಗೇ ಬರುವ ಫೈಲ್ ಬ್ಲಾಕ್ (ಪುಟಕ್ಕೆ ಕಡತ ಸೇರಿಸುವ ಘಟಕ) ಈ ಕೆಲಸಕ್ಕೆ ಸಾಕು, ಬೇರೆ ಪ್ಲಗಿನ್ ಹಾಕುವ ಅಗತ್ಯವಿಲ್ಲ. ಆದರೆ ಅದರ ಮೂಲ ಹೊಂದಿಕೆಗಳನ್ನು ಹಾಗೇ ಬಿಟ್ಟರೆ ಬೇಕಾದದ್ದು ಆಗುವುದಿಲ್ಲ.

ಪಿಡಿಎಫ್ ಏರಿಸಿದ ಕೂಡಲೇ ಈ ಬ್ಲಾಕ್ ಮೂರನ್ನು ಒಟ್ಟಿಗೆ ಪುಟಕ್ಕೆ ಸುರಿಯುತ್ತದೆ: 600 ಪಿಕ್ಸೆಲ್ ಎತ್ತರದ ಮುನ್ನೋಟ, ಕಡತದ ಹೆಸರೇ ಕೊಂಡಿಯಾಗಿ, ಪಕ್ಕದಲ್ಲಿ ಡೌನ್‌ಲೋಡ್ ಬಟನ್. ನಮಗೆ ಬೇಕಾದ 'ಓಪನ್ ಇನ್ ನ್ಯೂ ಟ್ಯಾಬ್' ಮಾತ್ರ ಆಫ್ ಆಗಿರುತ್ತದೆ. ಬ್ಲಾಕ್ ಆಯ್ದು ಬಲಬದಿಯ ಪಟ್ಟಿಗೆ ಹೋಗಿ ಅದನ್ನು ಆನ್ ಮಾಡಿ. 'ಶೋ ಡೌನ್‌ಲೋಡ್ ಬಟನ್' ಆಫ್ ಮಾಡಿ, ಇಲ್ಲದಿದ್ದರೆ ಅರ್ಧ ಜನ ಬಟನ್ನನ್ನೇ ಒತ್ತಿ 'ಹೊಸ ಟ್ಯಾಬ್ ಬರಲಿಲ್ಲ' ಎನ್ನುತ್ತಾರೆ. ಆ ಬಟನ್‌ನ ಕೊಂಡಿಯಲ್ಲಿ ಡೌನ್‌ಲೋಡ್ ಗುಣ ಸೇರಿರುವುದರಿಂದ ಹೊಸ ಟ್ಯಾಬ್‌ನ ಹೊಂದಿಕೆ ಅದರ ಮುಂದೆ ನಡೆಯದು. 'ಲಿಂಕ್ ಟು' ಎಂಬಲ್ಲಿ 'ಮೀಡಿಯಾ ಫೈಲ್' ಇದೆಯೇ ನೋಡಿ. 'ಅಟ್ಯಾಚ್‌ಮೆಂಟ್ ಪೇಜ್' ಆಗಿದ್ದರೆ ಹಳೆಯ ತಾಣಗಳಲ್ಲಿ ಹೊಸ ಟ್ಯಾಬ್ ತೆರೆದರೂ ಕಾಣುವುದು ಪಿಡಿಎಫ್ ಅಲ್ಲ, ಅದರ ಹೆಸರಿರುವ ಬೋಳು ಪುಟ.

ಮುನ್ನೋಟ 2021ರಲ್ಲಿ, ವರ್ಡ್‌ಪ್ರೆಸ್ 5.8ರೊಂದಿಗೆ ಬಂತು. ಕಂಪ್ಯೂಟರಿನಲ್ಲಿ ಚೆಂದ. ಹೆಚ್ಚಿನ ಫೋನ್ ಬ್ರೌಸರುಗಳಲ್ಲಿ ಅದು ಕಾಣುವುದೇ ಇಲ್ಲ. ಎಡಿಟರ್ ಕೂಡ ಆ ಎಚ್ಚರಿಕೆ ಕೊಡುತ್ತದೆ. ಓದುಗರು ಬಹುತೇಕ ಫೋನಿನವರಾದರೆ ಅದನ್ನು ತೆಗೆದುಹಾಕುವುದೇ ಲೇಸು.

ಇಷ್ಟೆಲ್ಲ ಮಾಡಿದ ಮೇಲೂ ಟ್ಯಾಬ್ ಮಿಂಚಿ ಮಾಯವಾಗಿ ಕಡತ ಇಳಿದು ಕೂತರೆ ಬ್ಲಾಕನ್ನು ಬೈಯಬೇಡಿ. ಹೊಸ ಟ್ಯಾಬ್ ಎನ್ನುವುದು ಪುಟ ಮಾಡುವ ಕೋರಿಕೆ ಅಷ್ಟೇ. ಕಡತವನ್ನು ತೋರಿಸಬೇಕೋ ಇಳಿಸಬೇಕೋ ಎಂದು ತೀರ್ಮಾನಿಸುವುದು ಸರ್ವರ್ ಮತ್ತು ಬ್ರೌಸರ್. ಕ್ರೋಮ್‌ನಲ್ಲಿ ಎಫ್12 ಒತ್ತಿ, ನೆಟ್‌ವರ್ಕ್ ವಿಭಾಗ ತೆರೆದಿಟ್ಟುಕೊಂಡು ಅದೇ ಟ್ಯಾಬ್‌ನ ವಿಳಾಸಪಟ್ಟಿಗೆ ಪಿಡಿಎಫ್ ವಿಳಾಸ ಹಾಕಿ, ಬಂದ ಉತ್ತರದ ಹೆಡರ್‌ಗಳನ್ನು (ಕಡತದೊಂದಿಗೆ ಸರ್ವರ್ ಕಳಿಸುವ ಸೂಚನೆಗಳನ್ನು) ನೋಡಿ. ಕಂಟೆಂಟ್-ಡಿಸ್ಪೊಸಿಶನ್ ಎಂಬಲ್ಲಿ 'ಅಟ್ಯಾಚ್‌ಮೆಂಟ್' ಇದ್ದರೆ ಕೊಂಡಿಯಲ್ಲಿ ಏನೇ ಬರೆದರೂ ಕಡತ ಇಳಿಯುತ್ತದೆ. ಕಂಟೆಂಟ್-ಟೈಪ್ 'ಅಪ್ಲಿಕೇಶನ್/ಪಿಡಿಎಫ್' ಬದಲು 'ಆಕ್ಟೆಟ್-ಸ್ಟ್ರೀಮ್' ಆಗಿದ್ದರೂ ಅದೇ ಗತಿ. ಅಪಾಚೆ ಸರ್ವರ್ ಆದರೆ ಅದರ ಹೊಂದಿಕೆಗಳನ್ನು ಬರೆದಿಡುವ ಎಚ್‌ಟಿ‌ಆ್ಯಕ್ಸೆಸ್ ಕಡತದಲ್ಲಿ ಪಿಡಿಎಫ್‌ಗೆ ಆ ಹೆಡರ್ ಹಾಕುವ ಸಾಲು ಹುಡುಕಿ ತೆಗೆಯಿರಿ; ಟೈಪ್ ತಪ್ಪಿದ್ದರೆ ಆ್ಯಡ್‌ಟೈಪ್ ಸಾಲು ಸೇರಿಸಿ. ಹೆಡರ್ ಸರಿಯಿದ್ದೂ ಒಬ್ಬಿಬ್ಬರಿಗೆ ಮಾತ್ರ ಇಳಿಯುತ್ತಿದ್ದರೆ ಅದು ಅವರ ಬ್ರೌಸರಿನ ಹೊಂದಿಕೆ: ಕ್ರೋಮ್‌ನ ಸೈಟ್ ಸೆಟ್ಟಿಂಗ್ಸ್ ಒಳಗಿನ 'ಪಿಡಿಎಫ್ ಡಾಕ್ಯುಮೆಂಟ್ಸ್'ನಲ್ಲಿ ಡೌನ್‌ಲೋಡ್ ಆಯ್ಕೆಯಾಗಿರುತ್ತದೆ. ಅದನ್ನು ನಿಮ್ಮ ಕಡೆಯಿಂದ ಬದಲಿಸಲಾಗದು, ಬದಲಿಸುವ ಹಕ್ಕೂ ನಮಗಿಲ್ಲ. ವರ್ಡ್ ಕಡತಗಳ ಕಥೆ ಇನ್ನೂ ಚಿಕ್ಕದು. ಬ್ರೌಸರ್ ಅವನ್ನು ತಾನಾಗಿ ತೋರಿಸುವುದಿಲ್ಲ, ಪಿಡಿಎಫ್ ಮಾಡಿ ಏರಿಸಿ.

ಬ್ಲಾಕ್ ತಾನೇ ಬರೆಯುವ ಎಚ್‌ಟಿಎಂಎಲ್ ಸಂಕೇತದ ಬಗ್ಗೆ ದೂರಿಲ್ಲ. ಕೊಂಡಿ ಎಲ್ಲಿ ತೆರೆಯಬೇಕೆಂದು ಹೇಳುವ ಟಾರ್ಗೆಟ್ ಗುಣಕ್ಕೆ ಅಂಡರ್‌ಸ್ಕೋರ್ ಸಮೇತ 'ಬ್ಲ್ಯಾಂಕ್' (_blank) ಹಾಕಿ, ಜೊತೆಗೆ ರೆಲ್ ಗುಣದಲ್ಲಿ ನೋರೆಫರರ್, ನೋಓಪನರ್ ಎರಡನ್ನೂ ಸೇರಿಸುತ್ತದೆ. ತೆರೆದ ಪುಟ ಹಿಂದಿನ ಟ್ಯಾಬನ್ನು ಬೇರೆಡೆಗೆ ತಿರುಗಿಸದಂತೆ ತಡೆಯುವುದು ನೋಓಪನರ್. ಫೈರ್‌ಫಾಕ್ಸ್ 79, ಕ್ರೋಮ್ 88ರಿಂದೀಚೆಗೆ ಬ್ರೌಸರುಗಳೇ ಈ ತಡೆ ಹಾಕುತ್ತವೆ, ಆದರೂ ಇರಲಿ. ನೋರೆಫರರ್ ಅಪರೂಪಕ್ಕೆ ಕಾಟ ಕೊಡುತ್ತದೆ. ಹೋಸ್ಟಿಂಗ್ ನಿಯಂತ್ರಣ ಫಲಕವಾದ ಸಿಪ್ಯಾನೆಲ್‌ನಲ್ಲಿ, ಬೇರೆ ತಾಣಗಳು ನಿಮ್ಮ ಕಡತಗಳಿಗೆ ನೇರ ಕೊಂಡಿ ಹಾಕದಂತೆ ತಡೆಯುವ ಹಾಟ್‌ಲಿಂಕ್ ಪ್ರೊಟೆಕ್ಷನ್‌ಗೆ ಪಿಡಿಎಫ್ ಸೇರಿಸಿ, 'ಅಲೋ ಡೈರೆಕ್ಟ್ ರಿಕ್ವೆಸ್ಟ್ಸ್' ಗುರುತು ಹಾಕದೆ ಬಿಟ್ಟಿದ್ದರೆ ನಿಮ್ಮದೇ ತಾಣದ ಕೊಂಡಿಗೆ 403 (ಪ್ರವೇಶವಿಲ್ಲ) ದೋಷ ಬರುತ್ತದೆ, ಏಕೆಂದರೆ ಎಲ್ಲಿಂದ ಬಂದರೆಂಬ ಸುಳಿವು ಸರ್ವರ್‌ಗೆ ಸಿಗುವುದಿಲ್ಲ.

ಕೈಯಲ್ಲೇ ಎಚ್‌ಟಿಎಂಎಲ್ ಬರೆಯುವವರು ಎಡವುವುದು ಆ ಅಂಡರ್‌ಸ್ಕೋರ್‌ನಲ್ಲಿ. ಅದನ್ನು ಬಿಟ್ಟು ಬರೀ 'ಬ್ಲ್ಯಾಂಕ್' ಎಂದರೆ, ಅಥವಾ ಹಳೆಯ ಟ್ಯುಟೋರಿಯಲ್ ನೋಡಿ 'ಅಂಡರ್‌ಸ್ಕೋರ್ ನ್ಯೂ' ಎಂದು ಬರೆದರೆ, ಬ್ರೌಸರ್ ಅದನ್ನು ಟ್ಯಾಬ್‌ನ ಹೆಸರೆಂದು ತಿಳಿಯುತ್ತದೆ. ಮೊದಲ ಕೊಂಡಿಗೆ ಹೊಸ ಟ್ಯಾಬ್ ಬರುತ್ತದೆ, ಎರಡನೆಯ ಕಡತ ಅದೇ ಟ್ಯಾಬ್‌ನಲ್ಲಿ ಮೊದಲಿನದನ್ನು ಅಳಿಸಿ ಕೂರುತ್ತದೆ. ಒಂದೇ ಕೊಂಡಿ ಇಟ್ಟು ಪರೀಕ್ಷಿಸಿದವರಿಗೆ ಈ ತಪ್ಪು ಕಾಣುವುದೇ ಇಲ್ಲ.

ವಾಕ್ಯದ ನಡುವೆ ಕೊಂಡಿ ಬೇಕಿದ್ದರೆ ಫೈಲ್ ಬ್ಲಾಕ್ ಒಗ್ಗದು. ಮೀಡಿಯಾ ಲೈಬ್ರರಿಯಿಂದ ಕಡತದ ವಿಳಾಸ ನಕಲಿಸಿ, ಪದ ಆಯ್ದು ಕಂಟ್ರೋಲ್-ಕೆ ಒತ್ತಿ ಅಂಟಿಸಿ. ಹೊಸ ಟ್ಯಾಬ್‌ನ ಆಯ್ಕೆ ಈಚಿನ ಆವೃತ್ತಿಗಳಲ್ಲಿ ಕೊಂಡಿ ತಿದ್ದುವ ಪೆಟ್ಟಿಗೆಯ 'ಅಡ್ವಾನ್ಸ್ಡ್' ಒಳಗೆ ಅವಿತಿದೆ. ಹಳೆಯ ಮಾದರಿಯ ಮೆನುಗಳಲ್ಲಿ ಅದು ಇನ್ನೂ ಆಳ: ಮೆನು ಪುಟದ ಮೇಲ್ತುದಿಯ 'ಸ್ಕ್ರೀನ್ ಆಪ್ಶನ್ಸ್' ತೆರೆದು 'ಲಿಂಕ್ ಟಾರ್ಗೆಟ್' ಗುರುತು ಹಾಕುವವರೆಗೆ ಆ ಆಯ್ಕೆಯೇ ಕಾಣದು.

ಎರಡು ಕೊರತೆಗಳು ನಿಜಕ್ಕೂ ಕಿರಿಕಿರಿಯವು. ಹೊಸ ಟ್ಯಾಬ್ ತೆರೆಯಲಿದೆ ಎಂದು ಬ್ಲಾಕ್ ಓದುಗರಿಗೆ ಹೇಳುವುದಿಲ್ಲ. ಪರದೆಯಲ್ಲಿದ್ದುದನ್ನು ಓದಿ ಹೇಳುವ ಸ್ಕ್ರೀನ್ ರೀಡರ್ ಬಳಸುವವರಿಗೆ ಹಿಂದಕ್ಕೆ ಹೋಗುವ ಬಟನ್ ಏಕೆ ಸತ್ತಿತು ಎಂದು ತಿಳಿಯುವುದೇ ಇಲ್ಲ. ಜಾಲತಾಣವನ್ನು ಅಂಗವಿಕಲರೂ ಬಳಸುವಂತೆ ರೂಪಿಸಲು ಇರುವ ಡಬ್ಲ್ಯೂಸಿಎಜಿ ಮಾರ್ಗಸೂಚಿಯ ಜಿ201 ತಂತ್ರ ಹೇಳುವುದು ಈ ಮುನ್ಸೂಚನೆಯನ್ನೇ. ಕೊಂಡಿಯ ಪಠ್ಯವನ್ನು ನೀವೇ ತಿದ್ದಿ: 'ವಾರ್ಷಿಕ ವರದಿ – ಪಿಡಿಎಫ್, 2 ಎಂಬಿ, ಹೊಸ ಟ್ಯಾಬ್‌ನಲ್ಲಿ'. ಎರಡನೆಯದು, ಬ್ಲಾಕ್‌ನ 'ರಿಪ್ಲೇಸ್' ಬಟನ್ ಕಡತವನ್ನು ಆ ಬ್ಲಾಕ್‌ನಲ್ಲಿ ಮಾತ್ರ ಬದಲಿಸುತ್ತದೆ. ಹೊಸ ಕಡತಕ್ಕೆ ಹೊಸ ವಿಳಾಸ. ಬೇರೆ ಪುಟಗಳಲ್ಲಿನ ಕೊಂಡಿಗಳು, ವಾಟ್ಸ್‌ಆ್ಯಪ್‌ನಲ್ಲಿ ಹಂಚಿದವು ಹಳೆಯದಕ್ಕೇ ಒಯ್ಯುತ್ತವೆ.

ಕಡತದ ಹೆಸರನ್ನು ಏರಿಸುವ ಮೊದಲೇ ಇಂಗ್ಲಿಷ್ ಅಕ್ಷರ, ಅಂಕಿ, ಅಡ್ಡಗೆರೆಗಳಲ್ಲಿ ಇಟ್ಟುಬಿಡಿ. 'ಸುತ್ತೋಲೆ' ಎಂಬ ಒಂದೇ ಪದ ವಿಳಾಸದಲ್ಲಿ ಶೇಕಡಾ ಚಿಹ್ನೆಗಳ 72 ಅಕ್ಷರಗಳಾಗಿ ಹಿಗ್ಗುತ್ತದೆ. ಕನ್ನಡ ಹೆಸರು ಬೇಕಾದದ್ದು ಕೊಂಡಿಯ ಪಠ್ಯದಲ್ಲಿ, ಮತ್ತು ಪಿಡಿಎಫ್‌ನ ಪ್ರಾಪರ್ಟೀಸ್‌ನಲ್ಲಿರುವ ಟೈಟಲ್‌ನಲ್ಲಿ. ಹೊಸ ಟ್ಯಾಬ್‌ನ ನೆತ್ತಿಯ ಮೇಲೆ ಕ್ರೋಮ್ ತೋರಿಸುವುದು ಆ ಟೈಟಲನ್ನೇ, ಅಲ್ಲಿ 'ಮೈಕ್ರೋಸಾಫ್ಟ್ ವರ್ಡ್ – ಡಾಕ್ಯುಮೆಂಟ್1' ಎಂದಿದ್ದರೆ ಓದುಗರಿಗೆ ಕಾಣುವುದೂ ಅದೇ.