ಸ್ಟೋರ್‌ಗಳಲ್ಲಿ ಗೇಮ್‌ಗಳ ಪಾಲು: ಪ್ಲೇ, ಆ್ಯಪ್ ಸ್ಟೋರ್, ಎಫ್-ಡ್ರಾಯ್ಡ್ ಮೂರನ್ನೂ ಬಳಸಿ ನೋಡಿದಾಗ

ಮೊಬೈಲ್ ಸ್ಟೋರ್‌ನಲ್ಲಿ ಗೇಮ್‌ಗಳ ಪಾಲು ಎಷ್ಟು ಎಂದು ಕೇಳಿದರೆ, ಶೇಕಡಾ ಇಷ್ಟು ಅಂತ ಒಂದು ಅಂಕಿ ಸುಲಭವಾಗಿ ಸಿಗುತ್ತದೆ. ಆದರೆ ಆ ಅಂಕಿಗೂ ಸ್ಟೋರ್ ತೆರೆದಾಗ ಕಣ್ಣಿಗೆ ಬೀಳುವುದಕ್ಕೂ ತಾಳೆಯಾಗುವುದಿಲ್ಲ. ಪಟ್ಟಿಯಲ್ಲಿ ಗೇಮ್‌ಗಳಿಗಿಂತ ಬೇರೆ ಆ್ಯಪ್‌ಗಳೇ ಜಾಸ್ತಿ. ಪರದೆಯ ಮೇಲೆ ಮಾತ್ರ ಗೇಮ್‌ಗಳದ್ದೇ ಸದ್ದು. ದುಡ್ಡಿನ ಲೆಕ್ಕಕ್ಕೆ ಬಂದರೆ ಅವುಗಳ ಪಾಲು ಇನ್ನೂ ದೊಡ್ಡದು.

ಇದನ್ನು ಸರಿಯಾಗಿ ನೋಡಬೇಕು ಅನ್ನಿಸಿ ಗೂಗಲ್ ಪ್ಲೇ, ಆ್ಯಪಲ್‌ನ ಆ್ಯಪ್ ಸ್ಟೋರ್, ಮೂಲ ಕೋಡ್ ಎಲ್ಲರಿಗೂ ತೆರೆದಿರುವ ಆ್ಯಪ್‌ಗಳನ್ನಷ್ಟೇ ಕೊಡುವ ಆಂಡ್ರಾಯ್ಡ್ ಸ್ಟೋರ್ ಎಫ್-ಡ್ರಾಯ್ಡ್ ಮೂರನ್ನೂ ಜೊತೆಜೊತೆಯಾಗಿ ಬಳಸಿದೆ. ಒಂದು ಆಂಡ್ರಾಯ್ಡ್ ಫೋನ್, ಒಂದು ಐಫೋನ್. ಮೂರೂ ಕಡೆ ಅವೇ ಕೆಲಸಗಳು: ಒಂದು ಟೈಮರ್ ಹುಡುಕುವುದು, ಒಂದು ಸುಡೊಕು ಹುಡುಕುವುದು, ಮಗುವಿಗೆ ಗಣಿತ ಕಲಿಸುವ ಆ್ಯಪ್ ಹುಡುಕುವುದು, ಏನನ್ನೂ ಹುಡುಕದೆ ಸುಮ್ನೆ ತೆರೆದು ನೋಡುವುದು.

ಮೊದಲು ಎಣಿಕೆಯ ವಿಷಯ ಮುಗಿಸೋಣ. ಮೂರು ಸ್ಟೋರ್‌ಗಳ ಶೇಕಡಾವಾರು ಅಂಕಿಗಳನ್ನು ಒಂದರ ಪಕ್ಕ ಒಂದು ಇಟ್ಟರೆ ಸರಿಯಾದ ಹೋಲಿಕೆ ಆಗುವುದಿಲ್ಲ. ಯಾಕೆಂದರೆ ಯಾವುದು ಗೇಮ್, ಯಾವುದು ಅಲ್ಲ ಎಂಬ ಗೆರೆಯನ್ನು ಪ್ರತಿ ಸ್ಟೋರ್ ಬೇರೆ ಕಡೆ ಎಳೆದಿದೆ.

ಪ್ಲೇನಲ್ಲಿ ಡೆವಲಪರ್ ಮೊದಲೇ ಹೇಳಬೇಕು: ಇದು ಆ್ಯಪ್, ಇಲ್ಲವೇ ಇದು ಗೇಮ್. ಎರಡೂ ಅನ್ನಲು ಆಗುವುದಿಲ್ಲ. ಆಮೇಲೆ ಒಂದೇ ಒಂದು ವಿಭಾಗ ಆರಿಸಬೇಕು. ಗೇಮ್‌ಗಳಿಗೆ ಅಲ್ಲಿ ಒಟ್ಟು 17 ವಿಭಾಗಗಳಿವೆ, ಅವುಗಳಲ್ಲಿ 'ಎಜುಕೇಶನಲ್' ಕೂಡ ಒಂದು. ಆ್ಯಪ್‌ಗಳ ಕಡೆ ಮತ್ತೆ 'ಎಜುಕೇಶನ್' ಎಂಬ ಬೇರೆ ವಿಭಾಗವಿದೆ. ಹಣ್ಣು ಎಣಿಸಿ ಕೂಡುವ ಲೆಕ್ಕ ಕಲಿಸುವ ಎರಡು ಆ್ಯಪ್‌ಗಳು ನೋಡಲು ಒಂದೇ ಥರ ಇದ್ದರೂ ಒಂದು ಗೇಮ್ ಲೆಕ್ಕಕ್ಕೆ, ಇನ್ನೊಂದು ಆ್ಯಪ್ ಲೆಕ್ಕಕ್ಕೆ ಹೋಗಬಹುದು. ನನ್ನ ಗಣಿತದ ಹುಡುಕಾಟದಲ್ಲಿ ಎರಡೂ ಥರದವು ಬೆರೆತು ಬಂದವು.

ಆ್ಯಪ್ ಸ್ಟೋರ್‌ನಲ್ಲಿ ಮುಖ್ಯ ವಿಭಾಗ ಒಂದು, ಬೇಕಿದ್ದರೆ ಎರಡನೆಯ ವಿಭಾಗ ಇನ್ನೊಂದು. ಗೇಮ್ ಎಂದರೆ ಅದರೊಳಗೆ ಎರಡು ಉಪವಿಭಾಗಗಳನ್ನು ಆರಿಸಬಹುದು. ಅಲ್ಲಿ ಗೇಮ್‌ಗಳ ಕೆಳಗೆ 'ಫ್ಯಾಮಿಲಿ' ಇದೆ, ಕಲಿಕೆಗೆಂದೇ ಉಪವಿಭಾಗ ಇಲ್ಲ. ಹೀಗಾಗಿ ಲೆಕ್ಕ ಕಲಿಸುವ ಅದೇ ಆ್ಯಪ್ ಆ್ಯಪಲ್ ಕಡೆ 'ಎಜುಕೇಶನ್'ನಲ್ಲಿ ಕೂರುವ ಸಾಧ್ಯತೆ ಹೆಚ್ಚು. ಎಫ್-ಡ್ರಾಯ್ಡ್‌ನಲ್ಲಿ ಈ ಗೋಜೇ ಇಲ್ಲ. ಒಂದು ಆ್ಯಪ್‌ಗೆ ಹಲವು ವಿಭಾಗಗಳನ್ನು ಕೊಡಬಹುದು.

ಇನ್ನೊಂದು ತೊಡಕು: ಒಂದು ಎಂದರೆ ಎಷ್ಟು? ಪ್ರೋಗ್ರಾಮರ್ ಸೈಮನ್ ಟೇಥಮ್ ಅವರ ಪಜಲ್‌ಗಳ ಸಂಗ್ರಹ ಎಫ್-ಡ್ರಾಯ್ಡ್‌ನಲ್ಲಿದೆ, ಪ್ಲೇನಲ್ಲೂ ಇದೆ. ಒಂದೇ ಆ್ಯಪ್, ಒಳಗೆ ಸುಮಾರು 40 ಪಜಲ್‌ಗಳು. ಸುಡೊಕು, ಮೈನ್‌ಸ್ವೀಪರ್, ಹದಿನೈದರ ಚೌಕ, ಎಲ್ಲವೂ ಅದರಲ್ಲೇ. ಎಣಿಕೆಯಲ್ಲಿ ಅದು ಒಂದು ಗೇಮ್ ಅಷ್ಟೇ. ಪ್ಲೇನಲ್ಲಿ 'ಸುಡೊಕು' ಎಂದು ಹುಡುಕಿದರೆ ಬಣ್ಣ ಬದಲಾದ, ಹೆಸರು ಬದಲಾದ, ಒಳಗೆ ಅದೇ ಆಟವಿರುವ ಆ್ಯಪ್‌ಗಳು ಎಷ್ಟು ಸ್ಕ್ರಾಲ್ ಮಾಡಿದರೂ ಮುಗಿಯುವುದಿಲ್ಲ. ಅಲ್ಲಿ ಪ್ರತಿಯೊಂದೂ ಒಂದು. ಆ್ಯಪಲ್ ಕಡೆಯೂ ಇಂಥದ್ದು ಇದೆ. 2021ರಿಂದ ಆ್ಯಪಲ್‌ನ ಚಂದಾ ಯೋಜನೆ ಆರ್ಕೇಡ್‌ಗೆ ಹಳೆಯ ಜನಪ್ರಿಯ ಗೇಮ್‌ಗಳೂ ಬಂದವು, ಹೆಸರಿನ ಕೊನೆಗೆ ಪ್ಲಸ್ ಗುರುತು ಹಾಕಿಕೊಂಡು. ಮೂಲ ಗೇಮ್ ಸ್ಟೋರ್‌ನಲ್ಲಿ ಹಾಗೇ ಇದ್ದರೆ, ಒಂದೇ ಆಟ ಎರಡು ಸಲ ಎಣಿಕೆಗೆ ಬರುತ್ತದೆ.

ಹೊರಗೆ ಹೋಗುವ ಲೆಕ್ಕವೂ ಇದೆ. 2017ರಲ್ಲಿ ಐಫೋನ್‌ನ ಐಒಎಸ್ 11 ಬಂದಾಗ 32 ಬಿಟ್‌ನ, ಅಂದರೆ ಹಳೆಯ ಥರದ ಪ್ರೊಸೆಸರ್‌ಗೆ ಬರೆದ, ಆ್ಯಪ್‌ಗಳು ಓಡುವುದು ನಿಂತಿತು. ಮಾಡಿ ಮುಗಿಸಿ ಬಿಟ್ಟ ಎಷ್ಟೋ ಒಳ್ಳೆಯ ಗೇಮ್‌ಗಳು ಆಗ ಕೈತಪ್ಪಿದವು. ಪ್ಲೇ ಕೂಡ ಹೊಸ ಆಂಡ್ರಾಯ್ಡ್‌ಗೆ ತಕ್ಕಂತೆ ಅಪ್‌ಡೇಟ್ ಮಾಡಲೇಬೇಕು ಎಂದು ಕೇಳುತ್ತದೆ. ಟೈಮರ್ ಮಾಡಿದವರಿಗೆ ಇದು ಸಣ್ಣ ಕೆಲಸ. ಒಂದು ಕಥೆ ಹೇಳಿ ಮುಗಿದುಹೋದ ಗೇಮ್‌ಗೆ ಮತ್ತೆ ಕೈ ಹಾಕಲು ಯಾರಿಗೂ ಪುರುಸೊತ್ತಿರುವುದಿಲ್ಲ. ಇದು ನನಗೆ ನಿಜಕ್ಕೂ ಬೇಸರದ ವಿಷಯ. ಪುಸ್ತಕ ಹಳೆಯದಾದರೂ ಓದಬಹುದು, ಗೇಮ್‌ಗೆ ಆ ಭಾಗ್ಯ ಇಲ್ಲ.

ಪರದೆಯ ಮೇಲಿನ ಪಾಲು

ನನ್ನ ಮಟ್ಟಿಗೆ ನಿಜವಾದ ಹೋಲಿಕೆ ಶುರುವಾಗುವುದು ಇಲ್ಲಿ.

ಪ್ಲೇ ತೆರೆದರೆ ಕೆಳಗಿನ ಸಾಲಿನಲ್ಲಿ ಎಡತುದಿಗೆ ಗೇಮ್ಸ್, ಅದರ ಪಕ್ಕ ಆ್ಯಪ್ಸ್. ಗೇಮ್ಸ್ ಒತ್ತಿದರೆ ದೊಡ್ಡ ದೊಡ್ಡ ಚಿತ್ರಗಳು, ತಾನಾಗೇ ಓಡುವ ವಿಡಿಯೋಗಳು. ಆ್ಯಪ್ಸ್ ಕಡೆ ಸಣ್ಣ ಐಕಾನ್‌ಗಳ ಸಾಲು. ಟೈಮರ್‌ನ ವಿಡಿಯೋದಲ್ಲಿ ತೋರಿಸಲು ಏನಿದೆ? ಗೇಮ್‌ಗೆ ತೋರಿಸಲು ಬೇಕಾದಷ್ಟಿದೆ. ಎಣಿಕೆಯಲ್ಲಿ ಕಡಿಮೆ ಇದ್ದರೂ ಗೇಮ್‌ಗಳು ಪರದೆ ತುಂಬಿಕೊಳ್ಳುವುದಕ್ಕೆ ಇದೊಂದು ಕಾರಣ. ಇನ್ನೊಂದು ಕಾರಣ ಪ್ರಾಯೋಜಿತ ಸಾಲುಗಳು. ನನಗೆ ಕಂಡ ಆ ಸಾಲುಗಳಲ್ಲಿ ಹೆಚ್ಚಿನವು ಗೇಮ್‌ಗಳದ್ದೇ ಆಗಿದ್ದವು. ಹುಡುಕುವ ಜಾಗ ಮುಟ್ಟಿದೆ, ಇನ್ನೂ ಒಂದಕ್ಷರ ಟೈಪ್ ಮಾಡಿಲ್ಲ, ಆಗಲೇ ಕೆಳಗೆ ಗೇಮ್‌ಗಳ ಸಲಹೆ ಬಂದಿತ್ತು. ಟೈಮರ್ ಬೇಕಾದವನಿಗೆ ಅದು ಅಡ್ಡಿಯೇ ಅಲ್ವಾ?

ಆ್ಯಪ್ ಸ್ಟೋರ್ ಇದನ್ನು ಸ್ವಲ್ಪ ನಾಜೂಕಾಗಿ ಮಾಡುತ್ತದೆ. 2008ರ ಜುಲೈನಲ್ಲಿ ಅದು ಶುರುವಾದಾಗ ಇದ್ದದ್ದು ಸುಮಾರು 500 ಆ್ಯಪ್‌ಗಳು. ಆಮೇಲೆ ವರ್ಷಗಟ್ಟಲೆ ಗೇಮ್‌ಗಳೂ ಉಳಿದ ಆ್ಯಪ್‌ಗಳೂ ಒಂದೇ ಟಾಪ್ ಪಟ್ಟಿಯಲ್ಲಿ ಜಾಗಕ್ಕಾಗಿ ಗುದ್ದಾಡುತ್ತಿದ್ದವು. 2017ರ ಹೊಸ ವಿನ್ಯಾಸದಲ್ಲಿ ಗೇಮ್ಸ್‌ಗೆ ಬೇರೆ ಟ್ಯಾಬ್, ಆ್ಯಪ್ಸ್‌ಗೆ ಬೇರೆ ಟ್ಯಾಬ್ ಬಂತು, ಟಾಪ್ ಪಟ್ಟಿಗಳೂ ಬೇರೆಯಾದವು. ಇದು ಒಳ್ಳೆಯ ಕೆಲಸ ಎಂದೇ ನಾನು ಹೇಳುತ್ತೇನೆ. ಒಂದು ನೋಟ್ಸ್ ಆ್ಯಪ್ ಈಗ ರೇಸಿಂಗ್ ಗೇಮ್ ಜೊತೆ ಸ್ಪರ್ಧಿಸಬೇಕಿಲ್ಲ. 'ಟುಡೇ' ಟ್ಯಾಬ್‌ನಲ್ಲಿ ಮನುಷ್ಯರು ಕೂತು ಬರೆದ ಪರಿಚಯಗಳು ಬರುತ್ತವೆ. ಅಲ್ಲಿ ಗೇಮ್‌ಗಳಿದ್ದರೂ ಓದುವಂತಿರುತ್ತವೆ. ಅದನ್ನು ನೋಡಿಯೇ ಕೆಲವು ಗೇಮ್‌ಗಳನ್ನು ಹಾಕಿಕೊಂಡೆ.

ಆದರೆ ಆ ಜಾಗವೂ ಹಾಗೇ ಉಳಿಯಲಿಲ್ಲ. 2022ರ ಅಕ್ಟೋಬರ್‌ನಲ್ಲಿ ಆ್ಯಪಲ್ ಅಲ್ಲೂ ಜಾಹೀರಾತು ಬಿಟ್ಟಿತು. ಜೊತೆಗೆ ಪ್ರತಿ ಆ್ಯಪ್‌ನ ಪುಟದ ಕೆಳಗಿನ 'ನಿಮಗೆ ಇದೂ ಇಷ್ಟವಾಗಬಹುದು' ಜಾಗದಲ್ಲೂ ಜಾಹೀರಾತು ಬಂತು. ತಮ್ಮ ಆ್ಯಪ್‌ಗಳ ಪಕ್ಕದಲ್ಲೇ ಜೂಜಿನ ಜಾಹೀರಾತು ಕಾಣುತ್ತಿದೆ ಎಂದು ಡೆವಲಪರ್‌ಗಳು ಸಿಟ್ಟಾದರು. ಕೆಲವೇ ದಿನಗಳಲ್ಲಿ ಆ್ಯಪಲ್ ಜೂಜಿನ ಜಾಹೀರಾತುಗಳನ್ನು ತಡೆಹಿಡಿಯಿತು.

ಎಫ್-ಡ್ರಾಯ್ಡ್‌ನದು ಬೇರೆಯೇ ದಾರಿ. 2010ರಲ್ಲಿ ಶುರುವಾದ ಈ ಸ್ಟೋರ್‌ನಲ್ಲಿ ಮುಕ್ತ ಸಾಫ್ಟ್‌ವೇರ್ ಮಾತ್ರ ಇರುತ್ತದೆ. ಖಾತೆ ಬೇಡ, ಸ್ಟಾರ್ ರೇಟಿಂಗ್ ಇಲ್ಲ, ಟಾಪ್ ಪಟ್ಟಿ ಇಲ್ಲ, ಪ್ರಾಯೋಜಿತ ಸಾಲು ಇಲ್ಲ. ಮೊದಲ ಪುಟದಲ್ಲಿ ಬರುವುದು ಹೊಸದಾಗಿ ಸೇರಿದವು ಮತ್ತು ಈಚೆಗೆ ಅಪ್‌ಡೇಟ್ ಆದವು. ಒಂದು ಗೇಮ್ ಮುಂದೆ ಕಾಣಬೇಕಾದರೆ ಅದನ್ನು ಮಾಡಿದವರು ಕೆಲಸ ಮಾಡಿರಬೇಕು, ಅಷ್ಟೇ. ಇದರಿಂದ ಆಗುವುದೇನೆಂದರೆ, ಎಣಿಕೆಯಲ್ಲಿ ಗೇಮ್‌ಗಳಿಗೆ ಎಷ್ಟು ಪಾಲೋ ಕಣ್ಣಿಗೂ ಹೆಚ್ಚುಕಡಿಮೆ ಅಷ್ಟೇ ಕಾಣುತ್ತವೆ. ಮೂರರಲ್ಲಿ ಈ ಮಾತು ಹೇಳಬಹುದಾದ ಸ್ಟೋರ್ ಇದೊಂದೇ. ಟೈಮರ್ ಹುಡುಕಿದರೆ ಟೈಮರ್‌ಗಳೇ ಬಂದವು.

ಆದರೆ ಗೇಮ್ ಆಡುವವರಿಗೆ ಇಲ್ಲಿ ಸಿಗುವುದು ಕಡಿಮೆ. ಹಲವು ಸಾವಿರ ಆ್ಯಪ್‌ಗಳಲ್ಲಿ ಗೇಮ್‌ಗಳು ನೂರರ ಲೆಕ್ಕದಲ್ಲಿವೆ. ಕಾರಣ ಸರಳ. ಎಫ್-ಡ್ರಾಯ್ಡ್ ಪ್ರತಿ ಆ್ಯಪ್ಪನ್ನೂ ಮೂಲ ಕೋಡ್‌ನಿಂದ ತಾನೇ ಕಟ್ಟುತ್ತದೆ. ಇವತ್ತಿನ ಎಷ್ಟೋ ಮೊಬೈಲ್ ಗೇಮ್‌ಗಳು ಯೂನಿಟಿಯಂಥ ಮುಕ್ತವಲ್ಲದ ಎಂಜಿನ್ (ಗೇಮ್ ಕಟ್ಟಲು ಬಳಸುವ ಸಾಫ್ಟ್‌ವೇರ್) ಮೇಲೆ ನಿಂತಿವೆ, ಅವು ಬಾಗಿಲಲ್ಲೇ ನಿಲ್ಲುತ್ತವೆ. ಜೊತೆಗೆ ಗೇಮ್ ಎಂದರೆ ಕೋಡ್ ಮಾತ್ರ ಅಲ್ಲ. ಚಿತ್ರ, ಸಂಗೀತ, ಶಬ್ದ ಎಲ್ಲ ಬೇಕು. ಕೋಡ್ ಮುಕ್ತವಾಗಿದ್ದು ಚಿತ್ರಗಳು ಮುಕ್ತವಲ್ಲದಿದ್ದರೆ ಆ ಗೇಮ್‌ನ ಪುಟದಲ್ಲಿ 'ಆ್ಯಂಟಿ-ಫೀಚರ್' ಎಂಬ ಎಚ್ಚರಿಕೆ ಬೀಳುತ್ತದೆ. ಜಾಹೀರಾತು, ಟ್ರ್ಯಾಕಿಂಗ್ ಇದ್ದರೂ ಅಂಥದ್ದೇ ಎಚ್ಚರಿಕೆ. ಇಷ್ಟಾದರೂ ಇರುವುದರಲ್ಲಿ ಒಳ್ಳೆಯವು ಇವೆ. ಸೂಪರ್‌ಟಕ್ಸ್‌ಕಾರ್ಟ್ ರೇಸ್, ಮೈಂಡಸ್ಟ್ರಿ, ಅನ್‌ಸಿವ್ ಇವು ಸಂಜೆಗಟ್ಟಲೆ ಆಡುವಂಥವು.

ದುಡ್ಡಿನ ಪಾಲು

ಗೇಮ್ ಕಂಪನಿ ಎಪಿಕ್ ಮತ್ತು ಆ್ಯಪಲ್ ನಡುವಿನ ಮೊಕದ್ದಮೆಯಲ್ಲಿ ಅಮೆರಿಕದ ನ್ಯಾಯಾಲಯ 2021ರ ಸೆಪ್ಟೆಂಬರ್ 10ರಂದು ತೀರ್ಪು ಕೊಟ್ಟಿತು. ಆ ತೀರ್ಪಿನಲ್ಲಿ ಒಂದು ಅಂಕಿ ಇದೆ: ಆ್ಯಪ್ ಸ್ಟೋರ್‌ನ ಆದಾಯದಲ್ಲಿ ಸುಮಾರು 70 ಶೇಕಡಾ ಗೇಮ್‌ಗಳಿಂದ ಬರುತ್ತದೆ. ಅಷ್ಟು ದುಡ್ಡು ಕೊಡುವವರು ಅಲ್ಲಿನ ಗ್ರಾಹಕರಲ್ಲಿ 10 ಶೇಕಡಾಕ್ಕಿಂತ ಕಡಿಮೆ ಜನ. ನನ್ನ ಮಟ್ಟಿಗೆ ಪರದೆಯ ಮೇಲಿನ ಪಾಲು ಯಾಕೆ ಅಷ್ಟಿದೆ ಎಂಬುದಕ್ಕೆ ಉತ್ತರ ಇದೇ. ವ್ಯಾಪಾರ ಇರುವ ಕಡೆ ದೀಪ ಜಾಸ್ತಿ ಹಾಕುತ್ತಾರೆ. ಆ್ಯಪ್ ಒಳಗೆ ಕೊಂಡ ನಾಣ್ಯ, ರತ್ನ, ಪೆಟ್ಟಿಗೆಗಳ ಮೇಲೆ ಸ್ಟೋರ್ ಪಡೆಯುತ್ತ ಬಂದ ಮಾಮೂಲಿ ಕಮಿಷನ್ 30 ಶೇಕಡಾ. ಸಣ್ಣ ಡೆವಲಪರ್‌ಗಳಿಗೆ 2021ರಿಂದ ಆ್ಯಪಲ್, ಗೂಗಲ್ ಎರಡೂ ಅದನ್ನು 15ಕ್ಕೆ ಇಳಿಸಿವೆ.

ಒಂದೇ ಗೇಮ್ ಮೂರೂ ಕಡೆ ಹೇಗೆ ದುಡ್ಡು ಕೇಳುತ್ತದೆ ಎಂದು ನೋಡಲು ಶ್ಯಾಟರ್ಡ್ ಪಿಕ್ಸೆಲ್ ಡಂಜನ್ ಒಳ್ಳೆಯ ಉದಾಹರಣೆ. ನೆಲಮಾಳಿಗೆಗಳಲ್ಲಿ ಇಳಿಯುತ್ತ ಹೋಗುವ ಈ ಗೇಮ್ ಮೂರೂ ಕಡೆ ಒಂದೇ. ಎಫ್-ಡ್ರಾಯ್ಡ್‌ನಲ್ಲಿ ಪೂರ್ತಿ ಉಚಿತ, ಒಳಗೆ ಕೊಳ್ಳುವುದು ಏನೂ ಇಲ್ಲ. ಪ್ಲೇನಲ್ಲಿ ಉಚಿತ, ಮನಸ್ಸಿದ್ದರೆ ಮಾಡಿದವರಿಗೆ ಬೆಂಬಲವಾಗಿ ಕೊಡುವ ಖರೀದಿ ಇದೆ. ಆ್ಯಪ್ ಸ್ಟೋರ್‌ನಲ್ಲಿ ಮೊದಲೇ ಒಂದು ಸಲ ಕೊಂಡರೆ ಮುಗಿಯಿತು. ಮೂರನ್ನೂ ಆಡಿದೆ, ಮೂರರಲ್ಲೂ ನೆಮ್ಮದಿಯಿಂದ ಆಡಬಹುದು. ಸ್ಟೋರ್ ಕೆಟ್ಟದ್ದು ಅಂತ ಇಡಿಯಾಗಿ ತಳ್ಳಿಹಾಕುವುದು ಸರಿಯಲ್ಲ ಎಂದು ನಾನು ಹೇಳುವುದು ಇಂಥ ಗೇಮ್‌ಗಳಿಗಾಗಿಯೇ.

ಇನ್‌ಸ್ಟಾಲ್ ಮಾಡುವ ಮೊದಲೇ ಮಾಹಿತಿ ಕೊಡುವುದರಲ್ಲಿ ಪ್ಲೇ ಮುಂದಿದೆ. ಗೇಮ್‌ನ ಹೆಸರಿನ ಕೆಳಗೇ ಜಾಹೀರಾತು ಇದೆಯೋ, ಒಳಗೆ ಖರೀದಿ ಇದೆಯೋ ಎಂದು ಬರೆದಿರುತ್ತದೆ. ಆ್ಯಪ್ ಸ್ಟೋರ್ ಬಟನ್ ಪಕ್ಕ ಒಳಗಿನ ಖರೀದಿಯ ಬಗ್ಗೆ ಮಾತ್ರ ಹೇಳುತ್ತದೆ, ಜಾಹೀರಾತಿನ ಮಾತು ಅಷ್ಟು ಎದ್ದು ಕಾಣುವ ಜಾಗದಲ್ಲಿಲ್ಲ. ಆದರೆ ಪುಟದ ಕೆಳಗೆ ಹೋದರೆ ಯಾವ ಖರೀದಿಗೆ ಎಷ್ಟು ಎಂಬ ಪಟ್ಟಿ ಸಿಗುತ್ತದೆ. ಪ್ಲೇ ಇಲ್ಲಿಂದ ಇಲ್ಲಿಯವರೆಗೆ ಎಂಬ ಅಂದಾಜು ಮಾತ್ರ ಕೊಡುತ್ತದೆ. ಮಕ್ಕಳ ಕೈಗೆ ಫೋನ್ ಕೊಡುವವರು ಎರಡನ್ನೂ ಓದುವುದು ಒಳ್ಳೆಯದು. ಅದೃಷ್ಟದ ಪೆಟ್ಟಿಗೆ ಮಾರುವ ಗೇಮ್‌ಗಳು ಏನು ಸಿಗುವ ಸಾಧ್ಯತೆ ಎಷ್ಟು ಎಂದು ತೋರಿಸಬೇಕು ಎಂಬ ನಿಯಮ ಆ್ಯಪಲ್‌ನಲ್ಲಿ 2017ರಿಂದ, ಪ್ಲೇನಲ್ಲಿ 2019ರಿಂದ ಇದೆ. ಆ ಅಂಕಿ ಗೇಮ್ ಒಳಗೆ ಎಲ್ಲೋ ಮೂಲೆಯಲ್ಲಿರುತ್ತದೆ, ಹುಡುಕಿ ನೋಡಬೇಕು.

ಚಂದಾ ಯೋಜನೆಗಳ ಬಗ್ಗೆ ಚಿಕ್ಕದಾಗಿ. ಆ್ಯಪಲ್ ಆರ್ಕೇಡ್, ಗೂಗಲ್ ಪ್ಲೇ ಪಾಸ್ ಎರಡೂ 2019ರ ಸೆಪ್ಟೆಂಬರ್‌ನಲ್ಲಿ ಬಂದವು. ಎರಡರಲ್ಲೂ ಜಾಹೀರಾತು ಇಲ್ಲ, ಒಳಗಿನ ಖರೀದಿ ಇಲ್ಲ. ಆರ್ಕೇಡ್ ಪೂರ್ತಿ ಗೇಮ್‌ಗಳದ್ದು. ಪ್ಲೇ ಪಾಸ್‌ನಲ್ಲಿ ಬೇರೆ ಆ್ಯಪ್‌ಗಳೂ ಸೇರಿವೆ. ಎರಡರಲ್ಲಿ ಒಂದನ್ನು ಆರಿಸು ಎಂದರೆ ಮಕ್ಕಳಿರುವ ಮನೆಗೆ ಆರ್ಕೇಡ್, ಯಾಕೆಂದರೆ ಅದಕ್ಕೆ ಬೇರೆಯೇ ಟ್ಯಾಬ್ ಇದೆ, ಮಗು ಅದರ ಒಳಗೇ ಹುಡುಕಬಹುದು. ಕೆಲವು ಗೇಮ್‌ಗಳು ಕಾಲ ಕಳೆದಂತೆ ಆ ಪಟ್ಟಿಯಿಂದ ಹೊರಬೀಳುತ್ತವೆ ಎಂಬುದು ನೆನಪಿರಲಿ.

ಗೇಮ್ ಬೇಡವೇ ಬೇಡ ಎನ್ನುವವರಿಗೆ ಗೇಮ್ಸ್ ಟ್ಯಾಬ್ ತೆಗೆದುಹಾಕುವ ಸೆಟ್ಟಿಂಗ್ ಪ್ಲೇನಲ್ಲೂ ಆ್ಯಪ್ ಸ್ಟೋರ್‌ನಲ್ಲೂ ನನಗೆ ಸಿಗಲಿಲ್ಲ. ಇರಬೇಕಿತ್ತು. ಆದರೆ ಎರಡರಲ್ಲೂ ವಿಡಿಯೋ ತಾನಾಗೇ ಓಡುವುದನ್ನು ನಿಲ್ಲಿಸಬಹುದು, ನಮ್ಮ ಬಳಕೆ ನೋಡಿ ತೋರಿಸುವ ಜಾಹೀರಾತನ್ನೂ ನಿಲ್ಲಿಸಬಹುದು. ವಿಡಿಯೋ ನಿಲ್ಲಿಸಿದ ಮೇಲೆ ಪ್ಲೇನ ಮುಖಪುಟ ಎಷ್ಟೋ ಶಾಂತವಾಯಿತು. ಐಫೋನ್‌ನ ಸ್ಕ್ರೀನ್ ಟೈಮ್‌ನಲ್ಲಿ ಒಳಗಿನ ಖರೀದಿಯನ್ನೇ ಬಂದ್ ಮಾಡಬಹುದು. ಪ್ಲೇನಲ್ಲಿ ಪ್ರತಿ ಖರೀದಿಗೂ ಪಾಸ್‌ವರ್ಡ್ ಕೇಳುವಂತೆ ಮಾಡಬಹುದು.

ಈಗ ಆಂಡ್ರಾಯ್ಡ್ ಫೋನಿನಲ್ಲಿ ಟೈಮರ್, ನೋಟ್ಸ್, ಪಜಲ್ ಏನೇ ಬೇಕಾದರೂ ಮೊದಲು ಎಫ್-ಡ್ರಾಯ್ಡ್‌ನಲ್ಲಿ ನೋಡುತ್ತೇನೆ. ಅಲ್ಲಿ ಸಿಗದಿದ್ದರೆ ಮಾತ್ರ ಪ್ಲೇಗೆ ಹೋಗಿ, ಹೆಸರಿನ ಕೆಳಗಿನ ಆ ಸಣ್ಣ ಸಾಲು ಓದಿ, ಜಾಹೀರಾತೂ ಖರೀದಿಯೂ ಎರಡೂ ಇದ್ದರೆ ಇನ್ನೊಂದನ್ನು ಹುಡುಕುತ್ತೇನೆ. ಐಫೋನ್‌ನಲ್ಲಿ ಗೇಮ್ ಬೇಕಾದರೆ ಟಾಪ್ ಪಟ್ಟಿ ಬಿಟ್ಟು, ಮೊದಲೇ ದುಡ್ಡು ಕೊಟ್ಟು ಕೊಳ್ಳುವ ಗೇಮ್‌ಗಳ ಪಟ್ಟಿ ತೆರೆಯುತ್ತೇನೆ. ಆ ಪಟ್ಟಿ ಚಿಕ್ಕದು, ಆದರೆ ಅದರಲ್ಲಿ ಆಡಿ ಮುಗಿಸುವಂಥ ಗೇಮ್‌ಗಳು ಜಾಸ್ತಿ.